ಮೈ ಕೊಡವದ ಟಗರು

ನನಗೆ ಅನುಮಾನ ಹುಟ್ಟುಗುಣ. ತರಕಾರಿಯವನು ತೂಕ ಮುಗಿದ ಮೇಲೆ ಒಂದು ಟೊಮೆಟೊ ಹೆಚ್ಚಿಗೆ ಹಾಕಿದರೆ ಅದು ಕೊಳೆತಿರಬೇಕು ಎಂದು ತಿರುಗಿಸಿ ನೋಡುತ್ತೇನೆ. ಅರಸೀಕೆರೆ ಬಸ್ ಸ್ಟ್ಯಾಂಡಿನಲ್ಲಿ ಕಂಡಕ್ಟರು ಈಗ ಹೊರಡುತ್ತೆ ಹತ್ತಿ ಎಂದು ಕೂಗಿದರೆ, ಡ್ರೈವರು ಸೀಟಿನಲ್ಲಿದ್ದಾನೋ ಇಲ್ಲವೋ ನೋಡಿಯೇ ನಾನು ಕಾಲು ಎತ್ತುವುದು. ಹೈಸ್ಕೂಲಿನಲ್ಲಿ ಕನ್ನಡ ಪಾಠ ಮಾಡುತ್ತೇನೆ. ಅಜ್ಜಿ ತೀರಿಹೋದರು ಎಂದು ರಜೆ ಕೇಳಿದ ಹುಡುಗಿಯನ್ನು ಅಪ್ಪನ ತಾಯಿಯೋ ಅಮ್ಮನ ತಾಯಿಯೋ ಎಂದು ಕೇಳಿ, ಅದನ್ನು ಹಾಜರಿ ಪುಸ್ತಕದ ಹಿಂದೆ ಬರೆದಿಟ್ಟುಕೊಂಡವಳು ನಾನು. ಒಂದೇ ಅಜ್ಜಿ ಎರಡು ಸಲ ಸಾಯಬಾರದಲ್ಲ.

ಇಂಥವಳಿಗೆ ಪಾಠದಲ್ಲಿ ಬಲಿಯ ಕಥೆ ಬಂದರೆ ಹಬ್ಬ. ಹಿಟ್ಟಿನ ಕೋಳಿಯನ್ನು ಕಡಿದರೂ ಕೊಂದ ಪಾಪ ಅಂಟಿಕೊಂಡಿತು, ಕೈಗಿಂತ ಮನಸ್ಸು ದೊಡ್ಡದು ಎನ್ನುವ ಹಳೆಯ ಕಥೆಯನ್ನು ಮಕ್ಕಳಿಗೆ ಹೇಳುತ್ತೇನೆ. ನೀರು ನಿಲ್ಲದ ಕೆರೆಗೆ ಮನೆಯ ಸೊಸೆಯನ್ನು ಕೊಟ್ಟ ಕಥೆ ನಮ್ಮ ಕಡೆ ಎಷ್ಟು ಕೆರೆಗಳಿಗಿದೆಯೋ ಲೆಕ್ಕವಿಲ್ಲ. ಅದನ್ನು ಹೇಳಿ ಮುಗಿಸಿದ ಮೇಲೆ ತಪ್ಪದೆ ಒಂದು ಪ್ರಶ್ನೆ ಕೇಳುತ್ತೇನೆ. ಯಾಕೆ ಯಾವಾಗಲೂ ಸೊಸೆ? ಆ ಮನೆಗಳಲ್ಲಿ ಹೆಣ್ಣುಮಕ್ಕಳೇ ಹುಟ್ಟಿರಲಿಲ್ಲವೇ? ಮಕ್ಕಳು ನಗುತ್ತಾರೆ. ಹಳೇಬೀಡಿಗೆ ಪ್ರವಾಸ ಹೋದಾಗ ದೇವಸ್ಥಾನದ ಪಕ್ಕದ ಕಂಬದಲ್ಲಿ ಒಡೆಯನಿಗಾಗಿ ತಮ್ಮ ತಲೆಯನ್ನು ತಾವೇ ಕೊಯ್ದುಕೊಳ್ಳುವ ವೀರರನ್ನು ತೋರಿಸುತ್ತೇನೆ. ಗೈಡು ತ್ಯಾಗ ಎನ್ನುತ್ತಾನೆ. ತಲೆ ಕೇಳಿದವರು ಯಾರು ಅಂತ ಮೊದಲು ವಿಚಾರಿಸಿ ಎಂದು ನಾನು ಮಕ್ಕಳ ಕಿವಿಯಲ್ಲಿ ಹೇಳುತ್ತೇನೆ.

ಇಷ್ಟೆಲ್ಲ ಬುದ್ಧಿ ಹೇಳುವ ನಾನು ನಮ್ಮ ಮನೆಯ ಸೊಸೆಯನ್ನೇ ಐದು ವರ್ಷದ ಹಿಂದೆ ಬಲಿ ಕೊಟ್ಟೆ. ಸೊಸೆ ಎಂದರೆ ನನ್ನ ಅಣ್ಣನ ಹೆಂಡತಿ, ನನ್ನ ಅತ್ತಿಗೆ.

ನನ್ನ ತವರು ಹಗರೆಯಲ್ಲಿ ಬಸ್ಸಿಳಿದು ಒಳಗೆ ಅರ್ಧ ಗಂಟೆ ನಡೆದರೆ ಸಿಗುತ್ತದೆ. ತೆಂಗಿನ ತೋಟ, ಡೈರಿಗೆ ಹಾಲು ಹಾಕುವ ನಾಲ್ಕು ಹಸು, ಅವ್ವ, ಅಣ್ಣ, ಅತ್ತಿಗೆ, ಅವರ ಮಗಳು. ಅಪ್ಪ ಸರ್ಕಾರಿ ನೌಕರಿಯಲ್ಲಿದ್ದಾಗಲೇ ಬುದ್ಧನ ಪಟ ತಂದು ನಡುಮನೆಯಲ್ಲಿ ತೂಗುಹಾಕಿ, ಇನ್ನು ಈ ಮನೆಯಲ್ಲಿ ಪ್ರಾಣಿ ಕಡಿಯುವಂತಿಲ್ಲ ಎಂದು ಕಟ್ಟುನಿಟ್ಟು ಮಾಡಿದ್ದ. ಅವ್ವ ಎದುರು ಮಾತಾಡಲಿಲ್ಲ. ಬುದ್ಧನ ಪಟದ ಪಕ್ಕದ ಗೂಡಿನಲ್ಲಿ ಅಮ್ಮನವರಿಗೆ ಮಂಗಳವಾರ ಮಂಗಳವಾರ ದೀಪ ಹಚ್ಚಿಕೊಂಡು ಸುಮ್ಮನಿದ್ದಳು. ಅವಳು ಅಷ್ಟು ಸುಮ್ಮನಿದ್ದುದೇ ನನಗೆ ಅನುಮಾನ. ಅಪ್ಪ ಹೋಗಿ ಮೂರನೇ ವರ್ಷಕ್ಕೆ ಅಣ್ಣನ ಬೈಕಿಗೆ ಲಾರಿ ಗುದ್ದಿ ಸೊಂಟದ ಮೂಳೆ ಮುರಿಯಿತು. ಅವ್ವ ಆಸ್ಪತ್ರೆಯ ಬಾಗಿಲಲ್ಲೇ ಸೆರಗೊಡ್ಡಿ, ಮಗ ಎದ್ದು ನಡೆದರೆ ಟಗರು ಕೊಡುತ್ತೇನೆ ಎಂದು ಹರಸಿಕೊಂಡಳು. ಮಗ ಎದ್ದು ನಡೆದ. ಡಾಕ್ಟರು ಹಾಕಿದ ರಾಡಿನ ಮಾತನ್ನು ಯಾರೂ ಎತ್ತಲಿಲ್ಲ.

ಮನೆಯಲ್ಲಿ ಒಂದು ಟಗರಿತ್ತು. ಅತ್ತಿಗೆ ಜಾವಗಲ್ ಕಡೆಯ ತನ್ನ ತವರಿನಿಂದ ಮರಿಯಾಗಿದ್ದಾಗ ತಂದು ಸಾಕಿದ್ದು. ಅವಳು ಹಾಲು ಕರೆಯುವಾಗ ಪಕ್ಕದಲ್ಲಿ ನಿಂತು ಅವಳ ಸೆರಗು ಅಗಿಯುತ್ತಿತ್ತು. ಬೇರೆ ಟಗರು ಕೊಂಡು ತರೋಣ ಎಂದು ಅತ್ತಿಗೆ ಎರಡು ಸಲ ಕೇಳಿದಳು. ಎರಡನೇ ಸಲ ನಾನೂ ಇದ್ದೆ. ಅವ್ವ ಅಕ್ಕಿ ಆರಿಸುವುದನ್ನು ನಿಲ್ಲಿಸದೆ, "ಕೊಂಡ್ಕೊಂಡು ಬಂದಿದ್ದು ಹರಕೆಯಲ್ಲ ಕಣವ್ವ. ಸಾಕಿದ್ದು ಕೊಟ್ರೇನೇ ಹರಕೆ" ಎಂದಳು. ಅತ್ತಿಗೆ ಮತ್ತೆ ಕೇಳಲಿಲ್ಲ.

ನಮ್ಮಲ್ಲಿ ಟಗರನ್ನು ಹಾಗೇ ಕಡಿಯುವುದಿಲ್ಲ. ಮೊದಲು ಅದರ ಒಪ್ಪಿಗೆ ಕೇಳಬೇಕು. ಹಣೆಗೆ ಕುಂಕುಮವಿಟ್ಟು, ಕೊರಳಿಗೆ ಹೂವು ಹಾಕಿ, ಬೇವಿನ ಸೊಪ್ಪು ಅದ್ದಿದ ಅರಿಶಿನದ ನೀರನ್ನು ಪೂಜಾರಿ ತಲೆಯಿಂದ ಬೆನ್ನಿನವರೆಗೆ ಸುರಿಯುತ್ತಾನೆ. ಟಗರು ಮೈ ಕೊಡವಿದರೆ ಅಮ್ಮ ಒಪ್ಪಿದಳು ಎಂದರ್ಥ. ಕೊಡವದಿದ್ದರೆ ಕಡಿಯುವಂತಿಲ್ಲ, ಅಮ್ಮನ ಹೆಸರಿಗೆ ಬಿಟ್ಟುಬಿಡಬೇಕು, ಅದು ಬದುಕಿರುವವರೆಗೆ ಯಾರೂ ಮುಟ್ಟಬಾರದು. ಚಿಕ್ಕಂದಿನಲ್ಲಿ ಬೇರೆಯವರ ಹರಕೆಗಳಲ್ಲಿ ಇದನ್ನು ನೋಡುವಾಗ ನಾನು ಎಲ್ಲರ ಹಾಗೆ ಟಗರಿನ ಮುಖ ನೋಡುತ್ತಿರಲಿಲ್ಲ, ಪೂಜಾರಿಯ ಕೈ ನೋಡುತ್ತಿದ್ದೆ. ಅವನು ಚೆಂಬನ್ನು ಪ್ರತಿ ಸಲವೂ ಕಿವಿಯ ಕಡೆಗೇ ವಾಲಿಸುತ್ತಿದ್ದ. ಕಿವಿಗೆ ನೀರು ಹೋದರೆ ಟಗರಲ್ಲ, ಮಂತ್ರಿಯೂ ತಲೆ ಕೊಡವುತ್ತಾನೆ. ಒಪ್ಪಿಗೆ ಎಂಬುದರ ಗುಟ್ಟು ಕಿವಿಯಲ್ಲಿದೆ ಎಂದು ಅಂದೇ ಗೊತ್ತಾಗಿತ್ತು.

ಹರಕೆಯ ಹಿಂದಿನ ದಿನ ತವರಿಗೆ ಹೋದೆ. ಬೇಡ ಎಂದು ಅವ್ವನಿಗೆ ನೇರವಾಗಿ ಹೇಳಬಹುದಿತ್ತು. ಹೇಳಲಿಲ್ಲ. ಮಗಳಾದವಳು ಅಣ್ಣನ ಕ್ಷೇಮಕ್ಕೆ ಅಡ್ಡ ಬಂದಳು ಅನ್ನಿಸಿಕೊಳ್ಳಲು ಹೆದರಿಕೆ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ಬೆಳಗಿನ ಜಾವ ಎಲ್ಲರೂ ನೀರೊಲೆಯ ಹತ್ತಿರ ಇದ್ದಾಗ ದೀಪದ ಗೂಡಿನಿಂದ ಎರಡು ಹೂಬತ್ತಿ ತೆಗೆದುಕೊಂಡು, ಕೊಬ್ಬರಿ ಎಣ್ಣೆಯಲ್ಲಿ ಅದ್ದಿ, ಕೊಟ್ಟಿಗೆಗೆ ಹೋಗಿ ಟಗರಿನ ಎರಡೂ ಕಿವಿಗೆ ಒತ್ತಿದೆ. ಅದು ನಾಲ್ಕೈದು ಸಲ ತಲೆ ಒದರಿತು. ಬತ್ತಿ ಬಿದ್ದೇಹೋಗುತ್ತದೆ ಎಂದುಕೊಂಡೆ. ಬೀಳಲಿಲ್ಲ. ಒಂದು ಹಿಡಿ ಹುರುಳಿ ಹಾಕಿದೆ, ತಿನ್ನುತ್ತ ಸುಮ್ಮನಾಯಿತು. ಅಪ್ಪ ಇದ್ದಿದ್ದರೆ ಬೆನ್ನು ತಟ್ಟುತ್ತಿದ್ದ ಅನ್ನಿಸಿ ನನಗೆ ಒಳಗೊಳಗೇ ಹೆಮ್ಮೆ.

ಸರ್ಕಾರದ ಕಾನೂನಿನಿಂದ ಈಗ ಗುಡಿಯ ಮುಂದೆ ಕಡಿಯುವ ಹಾಗಿಲ್ಲ. ಹಾಗಾಗಿ ನಮ್ಮ ತೋಟದಲ್ಲೇ ಒಂದು ಕಲ್ಲು ನೆಟ್ಟು, ಅರಿಶಿನ ಬಳಿದು, ಅಮ್ಮನವರನ್ನು ಕೂರಿಸಿದ್ದರು. ಹತ್ತಿರದ ನೆಂಟರೆಲ್ಲ ಸೇರಿ ಮೂವತ್ತು ಜನ ಇದ್ದಿರಬಹುದು. ಅಣ್ಣ ಕೋಲೂರಿಕೊಂಡು ನಿಂತಿದ್ದ. ಪೂಜಾರಿ ಮೊದಲ ಚೆಂಬು ಸುರಿದ. ಟಗರು ಅತ್ತಿಗೆಯ ಕಡೆ ನೋಡಿತು, ಕೊಡವಲಿಲ್ಲ. ಎರಡನೇ ಚೆಂಬು ಸುರಿದ. ನೀರು ಉಣ್ಣೆಯಿಂದ ತೊಟ್ಟಿಕ್ಕುತ್ತಿತ್ತು, ಟಗರು ಕಲ್ಲಿನಂತೆ ನಿಂತಿತ್ತು. ಇನ್ನೇನು, ಬಿಟ್ಟುಬಿಡಿ ಎನ್ನುತ್ತಾನೆ ಎಂದು ನಾನು ಕಾಯುತ್ತಿದ್ದೆ.

ಪೂಜಾರಿ ಚೆಂಬು ಕೆಳಗಿಟ್ಟ. ಟಗರನ್ನು ನೋಡುವುದು ಬಿಟ್ಟು ನಮ್ಮನ್ನು ನೋಡತೊಡಗಿದ.

"ಟಗರಲ್ಲಿ ದೋಷ ಇಲ್ಲ. ಯಾರೋ ಮನಸಾರೆ ಕೊಟ್ಟಿಲ್ಲ" ಎಂದ.

ಇದು ನನ್ನ ಲೆಕ್ಕದಲ್ಲಿ ಇರಲಿಲ್ಲ. ಟಗರನ್ನು ಬಿಡುವ ಮೊದಲು ಮನುಷ್ಯರನ್ನು ಹುಡುಕುತ್ತಾರೆ ಎಂಬುದನ್ನು ನಾನು ಮರೆತಿದ್ದೆ, ಅಷ್ಟೊಂದು ಕಥೆ ಪಾಠ ಮಾಡಿಯೂ. ಮೂವತ್ತು ಜನರೂ ಒಬ್ಬರನ್ನೊಬ್ಬರು ನೋಡಿಕೊಂಡರು. ಯಾರೋ ಹೆಂಗಸರಲ್ಲಿ ಯಾರಾದರೂ ಮುಟ್ಟಾಗಿದ್ದೀರಾ ಎಂದು ಕೇಳಿದರು. ಅಣ್ಣನ ಷಡ್ಡಕ ತನ್ನ ಚಪ್ಪಲಿಯನ್ನು ಇನ್ನಷ್ಟು ದೂರ ಬಿಟ್ಟು ಬಂದ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ ನಾನು ಎಣ್ಣೆಯ ಕೈಯನ್ನು ಸೆರಗಿಗೆ ಒರೆಸಿಕೊಂಡೆ. ನನ್ನ ಕಡೆ ಯಾರೂ ತಿರುಗಲಿಲ್ಲ. ಅವ್ವನ ಕಣ್ಣು ಸುತ್ತಿ ಸುತ್ತಿ ಅತ್ತಿಗೆಯ ಮೇಲೆ ನಿಂತಿತು. ಬೇರೆ ಟಗರು ತರೋಣ ಎಂದು ಎರಡು ಸಲ ಕೇಳಿದವಳು ಅವಳೇ ಎಂದು ಅವ್ವ ಎಲ್ಲರ ಮುಂದೆ ಹೇಳಿದಳು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ. ನಾನು ಬಾಯಿ ಬಿಡಲಿಲ್ಲ.

ಅತ್ತಿಗೆಯನ್ನು ಬಾವಿಯ ಹತ್ತಿರ ಕಳಿಸಿ ತಲೆಯ ಮೇಲೆ ನೀರು ಹೊಯ್ದು ಕರೆತಂದರು. ಒದ್ದೆ ಸೀರೆಯಲ್ಲಿ ಕಲ್ಲಿನ ಮುಂದೆ ಉದ್ದಕ್ಕೆ ಬಿದ್ದು ತಪ್ಪಾಯಿತು ಎಂದಳು. ಏನು ತಪ್ಪು ಎಂದು ಪೂಜಾರಿ ಕೇಳಿದ. "ಇದು ಕೊಡವ್ದೆ ಇರ್ಲಿ ಅಂತ ಬೇಡ್ಕೊಂಡಿದ್ದೆ" ಎಂದಳು. ಅದು ನಿಜವೇ ಇದ್ದಿರಬೇಕು. ಅವಳ ಮಗಳು, ಆಗ ಕಾಲೇಜಿಗೆ ಹೋಗುತ್ತಿದ್ದವಳು, ಮುಖ ತಿರುಗಿಸಿಕೊಂಡಳು. ಟಗರಿನ ತಲೆ ಹಿಡಿದು ಮನಸಾರೆ ಕೊಟ್ಟೆ ಎಂದು ಹೇಳಲು ಪೂಜಾರಿ ಹೇಳಿದ. ಅತ್ತಿಗೆ ಮಂಡಿಯೂರಿ, ಎರಡೂ ಕೈಯಲ್ಲಿ ಅದರ ಮುಖ ಹಿಡಿದು, ಅದು ಸೆರಗು ಅಗಿಯಲು ಬಂದಾಗ ಬಿಡಿಸಿಕೊಳ್ಳದೆ, ಹೇಳಿದಳು. ಅವಳ ಬಳೆ ತಾಗಿಯೋ ಏನೋ, ಬೆಳ್ಳಗಿನ ಚೂರೊಂದು ಹುಲ್ಲಿನ ಮೇಲೆ ಉದುರಿತು. ನಾನು ಒಂದು ಹೆಜ್ಜೆ ಮುಂದೆ ಹೋಗಿ ಅದರ ಮೇಲೆ ಕಾಲಿಟ್ಟೆ. ಮೂರನೇ ಚೆಂಬು ಸುರಿದಾಗ ಟಗರು ಮೂತಿಯಿಂದ ಬಾಲದವರೆಗೆ ಮೈ ಕೊಡವಿತು. ನೀರು ನಮ್ಮೆಲ್ಲರ ಮುಖಕ್ಕೂ ಸಿಡಿಯಿತು. ಎಲ್ಲರೂ ಕೈಮುಗಿದರು. ಅತ್ತಿಗೆಯ ತಪ್ಪು ರುಜುವಾತಾಗಿತ್ತು.

ಆ ದಿನ ಟಗರಿನ ತಲೆ ಕಾಲು ತೊಳೆದು ಸುಡುವ ಕೆಲಸವನ್ನೂ ಅವಳ ಕೈಯಲ್ಲೇ ಮಾಡಿಸಿದರು. ನಾನು ತಲೆನೋವೆಂದು ಮಲಗಿಬಿಟ್ಟೆ.

ಆಮೇಲಿನ ಐದು ವರ್ಷ ಅತ್ತಿಗೆಗೆ ಆ ಮನೆಯಲ್ಲಿ ಏನಾಯಿತು ಎಂದರೆ, ನೋಡುವವರಿಗೆ ಏನೂ ಆಗಲಿಲ್ಲ. ಹೊಡೆಯಲಿಲ್ಲ, ಬೈಯಲಿಲ್ಲ. ಮಂಗಳವಾರದ ದೀಪವನ್ನು ಮಾತ್ರ ಅವಳು ಹಚ್ಚುವ ಹಾಗಿಲ್ಲ. ನೆಂಟರ ಮನೆಯ ಶುಭಕಾರ್ಯದಲ್ಲಿ ಆರತಿ ತಟ್ಟೆ ಅವಳ ಹತ್ತಿರ ಬರುವಾಗ ಒಬ್ಬರನ್ನು ಬಿಟ್ಟು ಮುಂದೆ ಹೋಗುತ್ತಿತ್ತು. ಚಳಿಗಾಲದಲ್ಲಿ ಅಣ್ಣನ ಸೊಂಟ ಹಿಡಿದುಕೊಂಡರೆ ಅವ್ವ ಅವಳ ಕಡೆ ನೋಡುತ್ತಿದ್ದಳು. ಮೊದಲು ಬಸ್ ಸ್ಟಾಪಿನವರೆಗೂ ಕೇಳುವಂತೆ ನಗುತ್ತಿದ್ದ ಹೆಂಗಸು ಬಾಯಿಗೆ ಸೆರಗು ಹಿಡಿದು ನಗುವುದನ್ನು ಕಲಿತಳು.

ನಾನು ಹೋಗಿಬಂದು ಮಾಡುತ್ತಲೇ ಇದ್ದೆ. ಪ್ರತಿ ಸಲವೂ ಎಲ್ಲರ ಮುಖ ಓದುತ್ತಿದ್ದೆ. ಪೂಜಾರಿ ನಕ್ಕರೆ ಅವನಿಗೆ ಗೊತ್ತಿದೆ ಅನ್ನಿಸುತ್ತಿತ್ತು, ನಗದಿದ್ದರೂ ಹಾಗೇ ಅನ್ನಿಸುತ್ತಿತ್ತು. ಅತ್ತಿಗೆಯ ಮೇಲೆ ಮಾತ್ರ ನನಗೆ ಅನುಮಾನ ಬರಲಿಲ್ಲ. ಅವಳು ನಾನು ಹೊರಡುವಾಗ ಮೊದಲಿನಂತೆಯೇ ಚೀಲಕ್ಕೆ ನಾಲ್ಕು ತೆಂಗಿನಕಾಯಿ, ಬೆಣ್ಣೆಯ ಡಬ್ಬಿ ಹಾಕುತ್ತಿದ್ದಳು. ಅದರ ಜೊತೆಗೆ ಆ ಹರಕೆಯ ನಂತರ ಒಂದು ಕಾಗದದ ಪೊಟ್ಟಣವೂ ಇರುತ್ತಿತ್ತು. ಅವಳೇ ಹೊಸೆದ ಹೂಬತ್ತಿ. ತುದಿಗೆ ಅರಿಶಿನದ ನೀರು ಮುಟ್ಟಿಸಿ ಹೊಸೆಯುವುದು ಅವಳ ತವರಿನ ರೂಢಿ, ನಮ್ಮ ಊರಿನಲ್ಲಿ ಬೇರೆ ಯಾರೂ ಹಾಗೆ ಮಾಡುವುದಿಲ್ಲ. ಅಪ್ಪನ ಹಾದಿಯಲ್ಲಿರುವ ನನ್ನ ಮನೆಯಲ್ಲಿ ದೀಪ ಹಚ್ಚುವ ಪದ್ಧತಿಯೇ ಇಲ್ಲ. ತಾನು ಹಚ್ಚುವ ಹಾಗಿಲ್ಲ, ಇಲ್ಲಾದರೂ ಉರಿಯಲಿ ಎಂದು ಕೊಡುತ್ತಾಳೆ ಪಾಪ ಎಂದುಕೊಂಡು ಅಡುಗೆಮನೆಯ ಡಬ್ಬಿಯಲ್ಲಿ ತುಂಬಿಡುತ್ತಿದ್ದೆ. ಟೊಮೆಟೊ ತಿರುಗಿಸಿ ನೋಡುವವಳು ಇದನ್ನು ತಿರುಗಿಸಿ ನೋಡಲಿಲ್ಲ.

ಈ ವರ್ಷ ಅಣ್ಣನ ಮಗಳಿಗೆ ಗಂಡು ಗೊತ್ತಾಯಿತು. ಅವ್ವ ಫೋನ್ ಮಾಡಿ, ನಿಶ್ಚಿತಾರ್ಥದ ಆರತಿ ನೀನು ಎತ್ತಬೇಕು, ಸೋದರತ್ತೆ ಎತ್ತಿದರೆ ತಪ್ಪೇನಿಲ್ಲ, ಅವಳ ಕೈಯಲ್ಲಿ ಬೇಡ ಎಂದಳು. ಹೆತ್ತ ತಾಯಿ ಮಗಳಿಗೆ ಆರತಿ ಎತ್ತುವ ಹಾಗಿಲ್ಲ, ಅವಳ ಜಾಗದಲ್ಲಿ ನಾನು ಎತ್ತಬೇಕು. ಫೋನ್ ಇಟ್ಟ ಮೇಲೆ ನನ್ನ ಮೇಲೆ ನನಗೇ ಹೇಸಿಗೆಯಾಯಿತು. ಮುಂದಿನ ಭಾನುವಾರ ಬೆಳಗಿನ ಬಸ್ಸಿಗೆ ಹೊರಟೆ.

ಮನೆಯಲ್ಲಿ ಹೇಳಲು ಧೈರ್ಯ ಬರಲಿಲ್ಲ. ಹುಲಿಕೆರೆಯ ನೆಂಟರನ್ನು ಕರೆಯುವುದಿತ್ತು. ಅತ್ತಿಗೆಯ ಜೊತೆ ನಾನು ಹೋಗುತ್ತೇನೆ ಎಂದೆ. ಕುಂಕುಮ ಕೊಟ್ಟು ಕರೆದದ್ದಾದ ಮೇಲೆ ಸ್ವಲ್ಪ ಕೂರೋಣ ಎಂದು ಅವಳನ್ನು ಅಲ್ಲಿಯ ಕಲ್ಲಿನ ಕೊಳದ ಹತ್ತಿರ ಕರೆದುಕೊಂಡು ಹೋದೆ. ಮೆಟ್ಟಿಲುಗಳ ಉದ್ದಕ್ಕೂ ಸಣ್ಣ ಸಣ್ಣ ಗುಡಿಗಳು, ಕೆಳಗೆ ಹಸಿರು ನೀರು. ಮೂರು ಮೆಟ್ಟಿಲು ಇಳಿದು ಕೂತೆವು. ಹೇಳಿದೆ. ಹೂಬತ್ತಿ, ಎಣ್ಣೆ, ಹುರುಳಿ, ಹುಲ್ಲಿನ ಮೇಲೆ ಕಾಲಿಟ್ಟದ್ದು, ಎಲ್ಲ ಹೇಳಿದೆ. ಹೇಳುವಾಗ ಅವಳು ಅಳಬಹುದು, ಕೆನ್ನೆಗೆ ಹೊಡೆಯಬಹುದು ಎಂದು ಎರಡಕ್ಕೂ ತಯಾರಾಗಿದ್ದೆ.

ಅತ್ತಿಗೆ ನೀರನ್ನೇ ನೋಡುತ್ತಿದ್ದಳು. "ಒಂದು ಕಿವೀದು ಬಿದ್ದೋಯ್ತು. ಇನ್ನೊಂದು ಕಿವೀಲಿ ಇತ್ತಲ್ಲ" ಎಂದಳು.

ನನಗೆ ಒಂದು ಕ್ಷಣ ಅರ್ಥವಾಗಲಿಲ್ಲ.

"ತಲೆ ತೊಳ್ದಿದ್ದು ನಾನಲ್ವ. ಸುಡೋಕ್ ಮುಂಚೆ ಕಿವಿಗೆ ಬೆಳ್ಳು ಹಾಕಿ ತೊಳೀಬೇಕು. ಕೈಗೆ ಸಿಕ್ತು. ತುದಿ ಹಳದಿ ಇತ್ತು. ನಾನೇ ಹೊಸ್ದಿದ್ದ ಬತ್ತಿ ನಂಗೆ ಗೊತ್ತಾಗಲ್ವ?"

ಯಾಕೆ ಅವತ್ತೇ ಎಲ್ಲರಿಗೂ ತೋರಿಸಲಿಲ್ಲ ಎಂದು ಕೇಳಿದೆ. ಕೇಳಿದ ಮೇಲೆ ಆ ಪ್ರಶ್ನೆ ಎಂಥದ್ದು ಎಂದು ನನಗೇ ನಾಚಿಕೆಯಾಯಿತು. ಅವಳು ಮೊದಲ ಸಲ ನನ್ನ ಕಡೆ ತಿರುಗಿದಳು. ತೋರಿಸಿದ್ದರೆ ಯಾರ ಬತ್ತಿ ಎನ್ನುತ್ತಿದ್ದರು? ಟಗರು ಬೇಡ ಅಂದವಳು ಅವಳು, ಸಾಕಿದವಳು ಅವಳು, ಬತ್ತಿಯೂ ಅವಳದೇ. ಮನಸ್ಸಿನಲ್ಲಿ ಬೇಡಿಕೊಂಡಳು ಎಂಬ ತಪ್ಪಿನ ಜಾಗಕ್ಕೆ ಅಮ್ಮನವರಿಗೇ ಮೋಸ ಮಾಡಿದಳು ಎಂಬ ತಪ್ಪು ಬರುತ್ತಿತ್ತು, ಅಷ್ಟೇ. ಕಿವಿಯಿಂದ ತೆಗೆದದ್ದನ್ನು ಒಲೆಗೆ ಹಾಕಿದೆ ಎಂದಳು. ಅವತ್ತು ಬೆಳಿಗ್ಗೆ ಗೂಡಿನ ಹತ್ತಿರ ನಿಂತಿದ್ದವಳು ನಾನೊಬ್ಬಳೇ ಎಂಬುದು ಅವಳಿಗೆ ನೆನಪಿತ್ತು.

"ನೀನು ಹೇಳ್ತೀಯ ಅಂತ ಕಾದೆ. ಓದ್ದೋಳು, ನಾಲ್ಕು ಜನಕ್ಕೆ ಪಾಠ ಹೇಳೋಳು, ಇವತ್ತಲ್ಲ ನಾಳೆ ಹೇಳ್ತಾಳೆ ಅಂತ. ಬಂದಾಗಲೆಲ್ಲ ಬತ್ತಿ ಕಟ್ಟಿ ಕೊಟ್ಟೆ. ಬಂದಾಗಲೆಲ್ಲ ನೀನು ಇಸ್ಕೊಂಡು ಹೋದೆ."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಚೆನ್ನಾಗಿತ್ತು. ಐದು ವರ್ಷ ನಾನು ಊರಿನವರ ಮುಖವನ್ನೆಲ್ಲ ಅನುಮಾನದಿಂದ ನೋಡುತ್ತಿದ್ದೆ. ನನ್ನನ್ನು ಒಬ್ಬಳು ಅಷ್ಟೂ ದಿನ ನೋಡುತ್ತಿದ್ದಳು, ನನಗೆ ಗೊತ್ತೇ ಆಗಿರಲಿಲ್ಲ. ನಾನು ಅಲ್ಲಿ ಕೂತು ಅತ್ತೆ. ಅವಳು ಸಮಾಧಾನ ಮಾಡಲಿಲ್ಲ, ಬಸ್ಸಿಗೆ ಹೊತ್ತಾಯಿತು ಎಂದು ಎದ್ದಳು.

ಅಂದೇ ಸಂಜೆ ಅವ್ವನಿಗೆ ಹೇಳಿದೆ. ಅವ್ವ ಒಲೆಯ ಬೂದಿ ಕೆದಕುತ್ತ ಕೂತಳು. ನಂಬಲಿಲ್ಲವೇನೋ ಎಂದು ನನಗೆ ಅನುಮಾನ. ನಂಬಿದಳು. ಕೊನೆಗೆ, ಆದದ್ದು ಆಯಿತು, ಈ ಮಾತು ಅಡುಗೆಮನೆ ದಾಟುವುದು ಬೇಡ, ಗಂಡಿನ ಕಡೆಯವರಿಗೆ ತಿಳಿದರೆ ಮರ್ಯಾದೆಯಲ್ಲ, ಆರತಿ ಅವಳೇ ಎತ್ತಲಿ ಬಿಡು ಎಂದಳು. ಮಗಳ ಹೆಸರು ಉಳಿಯಬೇಕು, ಸೊಸೆಗೆ ತಟ್ಟೆ ಸಿಕ್ಕರೆ ಸಾಕು. ನನಗೆ ಅದು ಕೇಳಿ ನಿರಾಳವಾಯಿತು ಎಂಬುದನ್ನು ಮುಚ್ಚಿಡುವುದಿಲ್ಲ.

ನಿಶ್ಚಿತಾರ್ಥದ ದಿನ ಅಂಗಳದಲ್ಲಿ ಶಾಮಿಯಾನ ಹಾಕಿತ್ತು. ಗಂಡಿನ ಕಡೆಯವರು ಇನ್ನೂ ಬಂದಿರಲಿಲ್ಲ. ಹರಕೆಗೆ ಬಂದಿದ್ದ ನೆಂಟರೆಲ್ಲ ಇದ್ದರು, ಪೂಜಾರಿಯೂ ಮುಂದಿನ ಸಾಲಿನಲ್ಲಿ ಕಾಫಿ ಕುಡಿಯುತ್ತ ಕೂತಿದ್ದ. ಅವ್ವ ಆರತಿ ತಟ್ಟೆ ತಂದು ಅತ್ತಿಗೆಯ ಮುಂದೆ ಹಿಡಿದು, ಹೊತ್ತಾಯ್ತು ತಗೋ ಎಂದಳು. ಕಾಫಿ ಕುಡಿಯುತ್ತಿದ್ದವರು ಲೋಟ ಇಳಿಸಿದರು. ಅತ್ತಿಗೆ ಕೈ ಚಾಚಲಿಲ್ಲ. ಅವ್ವನನ್ನು ನೋಡಲಿಲ್ಲ, ನನ್ನನ್ನು ನೋಡಿದಳು.

"ನಾನು ತಪ್ಪಾಯ್ತು ಅಂದಿದ್ದು ಅಡುಗೆಮನೇಲಲ್ಲ" ಎಂದಳು.

ಅವ್ವ ಕಣ್ಣಿನಲ್ಲೇ ನನಗೆ ಬೇಡ ಎಂದಳು. ತರಗತಿಯಲ್ಲಿ ನಿಂತು ದಿನಕ್ಕೆ ಐದು ಪೀರಿಯಡ್ ಮಾತಾಡುವವಳಿಗೆ ನಾಲ್ಕು ವಾಕ್ಯ ಜೋಡಿಸುವುದೇ ಕಷ್ಟವಾಯಿತು. ಟಗರಿನ ಕಿವಿಗೆ ಬತ್ತಿ ಇಟ್ಟವಳು ನಾನು, ಅತ್ತಿಗೆಯ ಮನಸ್ಸಿನಿಂದ ಟಗರು ಕೊಡವದೆ ನಿಂತದ್ದಲ್ಲ, ಗೊತ್ತಿದ್ದೂ ನಾನು ಸುಮ್ಮನಿದ್ದೆ ಎಂದೆ. ಅಣ್ಣ ಎದ್ದು ಕುಂಟುತ್ತ ಒಳಗೆ ಹೋದ. ಪೂಜಾರಿ ಲೋಟದ ತಳ ನೋಡುತ್ತಿದ್ದ. ಅವ್ವನ ಕೈಯಲ್ಲಿದ್ದ ತಟ್ಟೆಯನ್ನು ಅತ್ತಿಗೆ ತೆಗೆದುಕೊಂಡು, ಸೆರಗು ಸಿಕ್ಕಿಸಿ, ಬತ್ತಿ ಹಚ್ಚಿ, ಮಗಳ ಮುಂದೆ ಹೋಗಿ ನಿಂತಳು.

ಊಟವಾದ ಮೇಲೆ ಅವ್ವ ನನ್ನ ಜೊತೆ ಮಾತಾಡಲಿಲ್ಲ, ಅಣ್ಣ ಹೊರಗೆ ಬರಲಿಲ್ಲ. ಮುಂದಿನ ಸಲ ಬಾ ಎಂದು ಯಾರೂ ಹೇಳದೆ ಆ ಮನೆಯಿಂದ ಹೊರಟದ್ದು ಅದೇ ಮೊದಲು. ಬಾಗಿಲ ಹತ್ತಿರ ಅತ್ತಿಗೆ ಚೀಲ ಕೊಟ್ಟಳು. ಹಗರೆಯಲ್ಲಿ ಬಸ್ಸು ಹತ್ತಿ, ಹಳೇಬೀಡಿನಲ್ಲಿ ಇಳಿದು, ಅರಸೀಕೆರೆಯ ಬಸ್ಸಿನಲ್ಲಿ ಸೀಟು ಸಿಕ್ಕ ಮೇಲೆ ಚೀಲವನ್ನು ತೊಡೆಯ ಮೇಲೆ ಬಿಚ್ಚಿದೆ. ನಾಲ್ಕು ತೆಂಗಿನಕಾಯಿ, ಬೆಣ್ಣೆಯ ಡಬ್ಬಿ. ತಳದವರೆಗೂ ಕೈ ಹಾಕಿ ನೋಡಿದೆ. ಬತ್ತಿಯ ಪೊಟ್ಟಣ ಇರಲಿಲ್ಲ.